ಬೆಳ್ಳಿ ಗಟ್ಟಿಯ ಮೇಲೆ ಎರಡು ಪದ

ಕಥೆಗಳಲ್ಲಿ ಅನುವಾದಕನಿಗೆ ಸಾಮಾನ್ಯವಾಗಿ ಸಣ್ಣ ಪಾತ್ರ. ಇಬ್ಬರು ರಾಜರು ಮಾತಾಡುವಾಗ ನಡುವೆ ನಿಂತಿರುತ್ತಾನೆ, ಮಾತು ಮುಗಿದ ಮೇಲೆ ಅವನು ಎಲ್ಲಿ ಹೋದ ಎಂದು ಯಾರೂ ಕೇಳುವುದಿಲ್ಲ. ಆರ್. ಎಫ್. ಕ್ವಾಂಗ್ ಅವರ ‘ಬಾಬೆಲ್’ ಎಂಬ ಇಂಗ್ಲಿಷ್ ಕಾದಂಬರಿಯಲ್ಲಿ ಮಾತ್ರ ಒಂದು ಸಾಮ್ರಾಜ್ಯವೇ ಅನುವಾದಕರ ಮೇಲೆ ನಿಂತಿದೆ. 1830ರ ದಶಕದ ಬ್ರಿಟನ್‌ನಲ್ಲಿ ಹಡಗು ವೇಗವಾಗಿ ಸಾಗುವುದು, ಸೇತುವೆ ಕುಸಿಯದೆ ನಿಲ್ಲುವುದು, ಕಾರ್ಖಾನೆಯ ಮಗ್ಗ ತಿರುಗುವುದು ಎಲ್ಲವೂ ಆಕ್ಸ್‌ಫರ್ಡಿನ ಒಂದು ಗೋಪುರದಲ್ಲಿ ಕುಳಿತ ಭಾಷಾ ಪಂಡಿತರು ಬೆಳ್ಳಿಯ ಮೇಲೆ ಕೆತ್ತುವ ಪದಗಳಿಂದ. ಆ ಗೋಪುರದ ಹೆಸರು ರಾಯಲ್ ಇನ್‌ಸ್ಟಿಟ್ಯೂಟ್ ಆಫ್ ಟ್ರಾನ್ಸ್‌ಲೇಷನ್. ಅಲ್ಲಿನವರು ಅದನ್ನು ಬಾಬೆಲ್ ಎನ್ನುತ್ತಾರೆ. ಇಂಥ ಸಂಸ್ಥೆ ಆಕ್ಸ್‌ಫರ್ಡಿನಲ್ಲಿ ಎಂದೂ ಇರಲಿಲ್ಲ, ಅದು ಲೇಖಕಿಯ ಕಲ್ಪನೆ. ಆದರೆ ಓದುತ್ತಾ ಹೋದಂತೆ ಅದರ ಅರ್ಧದಷ್ಟು ಸಂಗತಿ ನಮ್ಮ ಇತಿಹಾಸದ ಪಠ್ಯದಲ್ಲೂ, ನಮ್ಮ ಮನೆಯ ಮಾತಿನಲ್ಲೂ ಇದೆ ಎಂದು ನನಗೆ ಅನ್ನಿಸಿತು. ಆ ಕೂಟ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಇಲ್ಲಿ ವಿವರಿಸುತ್ತೇನೆ.

ಕ್ವಾಂಗ್ 1996ರಲ್ಲಿ ಚೀನಾದ ಗ್ವಾಂಗ್‌ಜೌನಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದವರು. ಕೇಂಬ್ರಿಜ್, ಆಕ್ಸ್‌ಫರ್ಡ್ ಎರಡರಲ್ಲೂ ಓದಿದ್ದಾರೆ. ‘ಬಾಬೆಲ್’ ಪ್ರಕಟವಾದದ್ದು 2022ರಲ್ಲಿ. ಅದಕ್ಕೆ ನೆಬ್ಯುಲಾ ಪ್ರಶಸ್ತಿ ಬಂದಿದೆ.

ಈಗ ಬೆಳ್ಳಿಯ ವಿಷಯ. ಒಂದು ಬೆಳ್ಳಿ ಗಟ್ಟಿಯ ಒಂದು ಬದಿಗೆ ಒಂದು ಭಾಷೆಯ ಪದ, ಇನ್ನೊಂದು ಬದಿಗೆ ಬೇರೆ ಭಾಷೆಯಲ್ಲಿ ಅದರ ಅನುವಾದ ಕೆತ್ತುತ್ತಾರೆ. ಎರಡು ಭಾಷೆಯ ಎರಡು ಪದಗಳು ಎಂದೂ ಸರಿಸಮ ತೂಗುವುದಿಲ್ಲ. ಅನುವಾದ ಮಾಡಿದಾಗ ಏನೋ ಒಂದಿಷ್ಟು ಅರ್ಥ ಈ ಕಡೆಯೂ ಉಳಿಯದೆ ಆ ಕಡೆಯೂ ಹೋಗದೆ ನಡುವೆ ಬಿದ್ದುಹೋಗುತ್ತದೆ. ಹಾಗೆ ಬಿದ್ದುಹೋದದ್ದನ್ನು ಬೆಳ್ಳಿ ಹಿಡಿದುಕೊಳ್ಳುತ್ತದೆ. ಎರಡೂ ಭಾಷೆ ಬಲ್ಲವನೊಬ್ಬ ಆ ಗಟ್ಟಿಯನ್ನು ಕೈಯಲ್ಲಿ ಹಿಡಿದು ಎರಡೂ ಪದಗಳನ್ನು ಉಚ್ಚರಿಸಿದರೆ, ಕಳೆದುಹೋದ ಆ ಅರ್ಥ ಜಗತ್ತಿನಲ್ಲಿ ನಿಜವಾಗಿ ನಡೆಯುತ್ತದೆ. ಕಾದಂಬರಿಯ ಜಾದೂ ಇಷ್ಟೇ.

ಒಂದು ಉದಾಹರಣೆ. ಚೀನಿ ಭಾಷೆಯ ‘ವುಶಿಂಗ್’ ಎಂದರೆ ರೂಪವಿಲ್ಲದ್ದು, ಆಕಾರವಿಲ್ಲದ್ದು. ಇಂಗ್ಲಿಷಿನಲ್ಲಿ ಅದಕ್ಕೆ ಹತ್ತಿರದ ಪದ ‘ಇನ್‌ವಿಸಿಬಲ್’, ಅಂದರೆ ಕಣ್ಣಿಗೆ ಕಾಣದ್ದು. ಕಾಣದಿರುವುದೇ ಬೇರೆ, ಆಕಾರವೇ ಇಲ್ಲದಿರುವುದು ಬೇರೆ. ರಾತ್ರಿ ಹೊತ್ತು ಗೋಪುರದಿಂದ ಬೆಳ್ಳಿ ಕದಿಯಲು ಬಂದ ಕೆಲವರು ಈ ಜೋಡಿಯನ್ನು ಬಳಸಿ ಅಡಗಿಕೊಳ್ಳುತ್ತಾರೆ.

ಇನ್ನೊಂದು ಉದಾಹರಣೆ ಕಾದಂಬರಿಯ ಮೊದಲ ಪುಟಗಳಲ್ಲೇ ಬರುತ್ತದೆ. ಕ್ಯಾಂಟನ್ ನಗರದಲ್ಲಿ ಕಾಲರಾದಿಂದ ಸಾಯುತ್ತಿದ್ದ ಹುಡುಗನನ್ನು ಆಕ್ಸ್‌ಫರ್ಡಿನ ಪ್ರೊಫೆಸರ್ ಒಬ್ಬ ಬದುಕಿಸುವುದು ‘ಟ್ರೀಕಲ್’ ಎಂಬ ಪದದಿಂದ. ಇಂದಿನ ಇಂಗ್ಲಿಷಿನಲ್ಲಿ ಟ್ರೀಕಲ್ ಎಂದರೆ ಸಕ್ಕರೆ ಕಾರ್ಖಾನೆಯ ಗಟ್ಟಿ ಪಾಕ, ನಮ್ಮ ಕಾಕಂಬಿಯ ಹಾಗೆ. ಆದರೆ ಹಳೆಯ ಫ್ರೆಂಚಿನಲ್ಲಿ ಅದು ವಿಷಕ್ಕೆ ಮದ್ದು. ಅದರ ಬೇರು ಗ್ರೀಕ್ ಭಾಷೆಯಲ್ಲಿದೆ: ಕಾಡುಮೃಗ ಕಚ್ಚಿದಾಗ ಕೊಡುವ ಔಷಧಿ. ಇಲ್ಲಿ ಕಾದಂಬರಿ ಹೇಳದ ಒಂದು ಮಾತು ಸೇರಿಸುತ್ತೇನೆ. ಅದೇ ಗ್ರೀಕ್ ಪದ ಅರಬಿಗೆ ಬಂದು ‘ತಿರ್ಯಾಕ್’ ಆಯಿತು. ಉರ್ದು ತರಗತಿಯಲ್ಲಿ ಕುಳಿತವರಿಗೆ ಈ ಪದ ಗೊತ್ತಿರುತ್ತದೆ, ವಿಷಕ್ಕೆ ಪ್ರತಿವಿಷ ಎಂದೇ ಅರ್ಥ. ಅಲ್ಲಿಂದ ಪಾರ್ಸಿಗೆ ಹೋದಾಗ ‘ತರ್ಯಾಕ್’ ಎಂದರೆ ಅಫೀಮು. ಮದ್ದು, ಪಾಕ, ಅಫೀಮು ಎಲ್ಲ ಒಂದೇ ಪದದ ಮಕ್ಕಳು. ಕಾದಂಬರಿಯ ಕೊನೆಯ ಭಾಗ ನಡೆಯುವುದು ಬ್ರಿಟಿಷರು ಚೀನಾಕ್ಕೆ ಅಫೀಮು ಮಾರಲು ಹೂಡಿದ ಯುದ್ಧದ ಸುತ್ತ ಎಂದು ನೆನಪಿಟ್ಟುಕೊಂಡರೆ ಈ ಪದದ ಹಾದಿ ಇನ್ನೂ ವಿಚಿತ್ರವಾಗಿ ಕಾಣುತ್ತದೆ.

ಜಾದೂ ಎಂದ ಕೂಡಲೇ ನಮ್ಮಲ್ಲಿ ಕೆಲವರು ಹುಬ್ಬೇರಿಸುತ್ತಾರೆಂದು ಗೊತ್ತು. ಬಾಬಿಲ್ ಎಂಬ ಹೆಸರೂ ಸೇರಿದರಂತೂ ಅಲ್-ಬಕರಾ ಅಧ್ಯಾಯದಲ್ಲಿ (2:102) ಬರುವ ಹಾರೂತ್, ಮಾರೂತ್ ನೆನಪಾಗುವುದು ಸಹಜ. ಈ ಪುಸ್ತಕದಲ್ಲಿ ಜಿನ್ನ್‌ಗಳಿಲ್ಲ, ಮಂತ್ರ-ತಂತ್ರವಿಲ್ಲ, ಮಾಟವಿಲ್ಲ. ವಿಜ್ಞಾನ ಕಥೆಯಲ್ಲಿ ಒಂದು ಯಂತ್ರವನ್ನು ಕಲ್ಪಿಸಿಕೊಳ್ಳುವಂತೆ ಲೇಖಕಿ ಇಲ್ಲಿ ಒಂದು ಲೋಹವನ್ನು ಕಲ್ಪಿಸಿಕೊಂಡಿದ್ದಾರೆ. ಹೆಸರು ಬಂದದ್ದು ಬೈಬಲ್ಲಿನ ಆದಿಕಾಂಡದಿಂದ. ಅಲ್ಲಿ ಮನುಷ್ಯರು ಆಕಾಶ ಮುಟ್ಟುವ ಗೋಪುರ ಕಟ್ಟಹೊರಟಾಗ ದೇವರು ಅವರ ಭಾಷೆಯನ್ನು ತಾರುಮಾರು ಮಾಡಿ ಚದುರಿಸುತ್ತಾನೆ. ಅರ್-ರೂಮ್ ಅಧ್ಯಾಯದಲ್ಲಿ (30:22) ಮನುಷ್ಯರ ಭಾಷೆಗಳೂ ಬಣ್ಣಗಳೂ ಬೇರೆ ಬೇರೆ ಇರುವುದನ್ನು ಅಲ್ಲಾಹನ ಕುರುಹುಗಳಲ್ಲಿ ಒಂದಾಗಿ ಎಣಿಸಲಾಗಿದೆ. ಎರಡನ್ನೂ ಮನಸ್ಸಿನಲ್ಲಿಟ್ಟುಕೊಂಡು ಈ ಕಾದಂಬರಿ ಓದಿದರೆ ಒಳ್ಳೆಯದು.

ಪುಸ್ತಕ ಓದುವಾಗ ನಾನೂ ಒಂದು ಆಟ ಶುರುಮಾಡಿದೆ. ನಮ್ಮ ಭಾಷೆಗಳಲ್ಲಿ ಬೆಳ್ಳಿ ಗಟ್ಟಿಗೆ ಒಗ್ಗುವ ಜೋಡಿಗಳು ಯಾವುವು? ಮನೆಯಲ್ಲಿ ದಖ್ನಿ, ಬೀದಿಯಲ್ಲಿ ಕನ್ನಡ, ಮದರಸದಲ್ಲಿ ಅರಬಿ ಕೇಳಿಕೊಂಡು ಬೆಳೆದವರಿಗೆ ಹುಡುಕುವುದು ಕಷ್ಟವಾಗಲಿಲ್ಲ.

‘ಅಮಾನತ್’ ತೆಗೆದುಕೊಳ್ಳಿ. ಅರಬಿಯಲ್ಲಿ ಅದು ನಂಬಿ ಒಪ್ಪಿಸಿದ ವಸ್ತು, ಆ ನಂಬಿಕೆಯೂ ಹೌದು. ಪ್ರವಾದಿ ಮುಹಮ್ಮದ್ (ಸ) ಅವರನ್ನು ಮಕ್ಕಾದ ಜನ ಅಲ್-ಅಮೀನ್ ಎಂದು ಕರೆದದ್ದು ಇದೇ ಬೇರಿನಿಂದ. ಅದೇ ಪದ ಕನ್ನಡ ಪತ್ರಿಕೆಯಲ್ಲಿ ದಿನವೂ ಬರುತ್ತದೆ: ‘ಕರ್ತವ್ಯಲೋಪ, ಅಧಿಕಾರಿ ಅಮಾನತು’. ನಂಬಿ ಒಪ್ಪಿಸುವುದು ಹೋಗಿ ಕೆಲಸದಿಂದ ದೂರ ಇಡುವುದಾಯಿತು. ಒಪ್ಪಿಸಿದ್ದನ್ನು ಜೋಪಾನವಾಗಿ ಎತ್ತಿಡುತ್ತಾರೆ, ಎತ್ತಿಟ್ಟದ್ದು ಬಳಕೆಯಿಂದ ಹೊರಗುಳಿಯುತ್ತದೆ, ಹೀಗೆ ಅರ್ಥ ಜಾರಿರಬೇಕು ಎಂದು ನನ್ನ ಊಹೆ. ಈ ಎರಡನ್ನೂ ಬೆಳ್ಳಿಯ ಮೇಲೆ ಕೆತ್ತಿ ಓದಿದರೆ ಏನಾಗುತ್ತದೆ? ನಂಬಿಕೆಗೆ ದ್ರೋಹ ಮಾಡಿದವನ ಕೈಯಿಂದ ವಸ್ತು ತಾನಾಗಿ ಜಾರಿಬಿಡುತ್ತದೆ ಎಂದು ನಾನು ಹೇಳಿದೆ. ಲಂಚ ಕೊಟ್ಟ ನೋಟು ಬೆಂಕಿಯಾಗುತ್ತದೆ ಎಂದು ನನ್ನ ಪಕ್ಕದ ಬೆಂಚಿನವನು ಹೇಳಿದ. (ಲಂಚ ಎಂದಾಗ ‘ಮಾಮೂಲು’ ನೆನಪಾಯಿತು. ಅದೂ ಅರಬಿಯದೇ. ರೂಢಿಯಲ್ಲಿ ಮಾಡಿಕೊಂಡು ಬಂದದ್ದು ಎಂದು ಅರ್ಥ. ಎಷ್ಟು ರೂಢಿಯಾಗಿದೆ ನೋಡಿ.)

‘ತಕರಾರು’ ಕೂಡ ಹಾಗೆಯೇ. ಅರಬಿಯ ತಕ್ರಾರ್ ಎಂದರೆ ಪುನರಾವರ್ತನೆ, ಒಂದನ್ನೇ ಮತ್ತೆ ಮತ್ತೆ ಹೇಳುವುದು. ನಮ್ಮ ತಾಲ್ಲೂಕು ಕಚೇರಿಯಲ್ಲಿ ತಕರಾರು ಅರ್ಜಿ ಕೊಟ್ಟವರಿಗೆ ಎರಡೂ ಅರ್ಥ ಒಟ್ಟಿಗೆ ಅನುಭವಕ್ಕೆ ಬರುತ್ತವೆ.

ನನಗೆ ಹೆಚ್ಚು ಹಿಡಿಸಿದ ಜೋಡಿ ‘ಗರೀಬ್’. ಉರ್ದುವಿನಲ್ಲೂ ಕನ್ನಡದಲ್ಲೂ ಗರೀಬ ಎಂದರೆ ಬಡವ. ಅರಬಿಯಲ್ಲಿ ಗರೀಬ್ ಎಂದರೆ ಅಪರಿಚಿತ, ತನ್ನ ಊರಿನಿಂದ ದೂರ ಇರುವವನು. ಊರು ಬಿಟ್ಟವನಿಗೆ ಕೈಹಿಡಿಯುವವರಿಲ್ಲ, ಕೈಹಿಡಿಯುವವರಿಲ್ಲದವನೇ ಬಡವ ಎಂಬ ಒಂದು ಲೆಕ್ಕ ಈ ಎರಡರ ನಡುವೆ ಅಡಗಿದೆ. ಸೋಜಿಗವೆಂದರೆ ಕನ್ನಡದ ಇನ್ನೊಂದು ಪದದಲ್ಲೂ ಇದೇ ಲೆಕ್ಕವಿದೆ. ‘ಪರದೇಶಿ’ ಎಂದರೆ ಬೇರೆ ದೇಶದವನು. ಆದರೆ ‘ತಂದೆ-ತಾಯಿ ಹೋದ ಮೇಲೆ ಹುಡುಗ ಪರದೇಶಿ ಆದ’ ಎಂದರೆ ಅವನು ಊರು ಬಿಟ್ಟಿಲ್ಲ, ದಿಕ್ಕಿಲ್ಲದವನಾಗಿದ್ದಾನೆ.

ಈ ಪರದೇಶಿಗಳೇ ಬಾಬೆಲ್ ಕೂಟದ ಬಂಡವಾಳ. ಅದು ಹೇಗೆಂದರೆ, ಬೆಳ್ಳಿಗೆ ಬೇಕಾದದ್ದು ಅರ್ಥದ ಅಂತರ. ಫ್ರೆಂಚ್, ಇಟಾಲಿಯನ್, ಇಂಗ್ಲಿಷ್ ಭಾಷೆಗಳು ಶತಮಾನಗಳಿಂದ ಒಂದರಿಂದ ಒಂದು ಸಾಲ ಪಡೆದು ಒಂದೇ ರೀತಿ ಆಗುತ್ತಾ ಬಂದಿವೆ. ಅವುಗಳ ಜೋಡಿಗಳ ಬಲ ಕುಂದುತ್ತಿದೆ. ಹಾಗಾಗಿ ದೂರದ ಭಾಷೆಗಳು ಬೇಕು: ಚೀನಿ, ಅರಬಿ, ಉರ್ದು, ಹೈಟಿಯ ಕ್ರಿಯೋಲ್. ನಿಘಂಟು ನೋಡಿ ಕಲಿತವರಿಂದ ಇದು ಆಗುವುದಿಲ್ಲ, ಆ ಭಾಷೆಯಲ್ಲೇ ಕನಸು ಕಾಣುವವರು ಬೇಕು. ಆದ್ದರಿಂದ ಕೂಟ ಅಂಥ ಮಕ್ಕಳನ್ನು ಹುಡುಕಿ ತರುತ್ತದೆ. ಕ್ಯಾಂಟನ್‌ನಿಂದ ಬಂದ ಹುಡುಗನಿಗೆ ರಾಬಿನ್ ಸ್ವಿಫ್ಟ್ ಎಂಬ ಹೆಸರು ಬರುತ್ತದೆ. ಅವನ ಚೀನಿ ಹೆಸರು ಇಡೀ ಕಾದಂಬರಿಯಲ್ಲಿ ನಮಗೆ ತಿಳಿಯುವುದೇ ಇಲ್ಲ. ಅವನ ಸಹಪಾಠಿಗಳು ಹೈಟಿಯಲ್ಲಿ ಹುಟ್ಟಿದ ವಿಕ್ಟ್ವಾರ್, ಇಂಗ್ಲಿಷ್ ನೌಕಾಧಿಕಾರಿಯ ಮಗಳು ಲೆಟಿ, ಮತ್ತು ಕಲ್ಕತ್ತೆಯ ರಮೀಜ್ ರಫಿ ಮಿರ್ಜಾ.

ಈ ರಮಿಯನ್ನು ನಮ್ಮ ಕಾಲೇಜಿನವರು ಖಂಡಿತ ಇಷ್ಟಪಡುತ್ತಾರೆ. ಮುಸ್ಲಿಂ ಹುಡುಗ, ಉರ್ದು, ಅರಬಿ, ಪಾರ್ಸಿ ಬಲ್ಲವನು, ಮಾತಿನಲ್ಲಿ ಚುರುಕು. ಬಿಳಿಯರು ತನ್ನಲ್ಲಿ ನೋಡಬಯಸುವ ವೇಷವನ್ನೇ ತೊಟ್ಟು, ಅವರನ್ನು ನಗಿಸಿ, ತನ್ನನ್ನು ಕಾಪಾಡಿಕೊಳ್ಳುವುದನ್ನು ಅವನು ಚಿಕ್ಕವನಿದ್ದಾಗಲೇ ಕಲಿತಿದ್ದಾನೆ. ರಾಬಿನ್‌ಗೆ ಆ ಗೋಪುರದ ಮೇಲೆ ಪ್ರೀತಿ ಇದೆ. ರಮಿಗೆ ಅದರ ಪುಸ್ತಕಗಳ ಮೇಲೆ ಮಾತ್ರ.

ನಿಜವಾದ ಆಕ್ಸ್‌ಫರ್ಡಿನಲ್ಲಿ ಆಗ ರಮಿಗೆ ಪ್ರವೇಶ ಸಿಗುವುದು ಸುಲಭವಿರಲಿಲ್ಲ. 1854ರವರೆಗೆ ಅಲ್ಲಿ ಸೇರುವ ವಿದ್ಯಾರ್ಥಿ ಇಂಗ್ಲೆಂಡಿನ ಚರ್ಚಿನ 39 ಧರ್ಮಸೂತ್ರಗಳಿಗೆ ಸಹಿ ಹಾಕಬೇಕಿತ್ತು. ಹೆಣ್ಣುಮಕ್ಕಳಿಗೆ ಪದವಿ ಕೊಡಲು ಶುರುಮಾಡಿದ್ದು 1920ರಲ್ಲಿ. ಕಾದಂಬರಿಯ ಕೂಟ ಇವರಿಗೆಲ್ಲ ಬಾಗಿಲು ತೆರೆಯುತ್ತದೆ, ಒಳ್ಳೆಯ ಊಟ, ವಿದ್ಯಾರ್ಥಿವೇತನ, ಕೋಣೆ ಎಲ್ಲ ಕೊಡುತ್ತದೆ. ಅದು ಔದಾರ್ಯದಿಂದ ಅಲ್ಲ. ಇವರ ನಾಲಿಗೆ ಇಲ್ಲದಿದ್ದರೆ ಬೆಳ್ಳಿ ಬರೀ ಬೆಳ್ಳಿ. ಗೋಪುರದ ಕಾವಲು ಇವರನ್ನು ಗುರುತಿಸಲು ಪ್ರತಿಯೊಬ್ಬರ ರಕ್ತವನ್ನು ಒಂದು ಸಣ್ಣ ಸೀಸೆಯಲ್ಲಿ ತೆಗೆದಿಡುತ್ತಾರೆ. ಆ ದೃಶ್ಯವನ್ನು ಲೇಖಕಿ ಬಹಳ ಸಾಮಾನ್ಯವೆಂಬಂತೆ ಬರೆದಿದ್ದಾರೆ, ಅದಕ್ಕೇ ಮೈ ಜುಮ್ಮೆನ್ನುತ್ತದೆ.

ಈ ಮಕ್ಕಳ ಭಾಷೆಯಿಂದ ಆದ ಗಟ್ಟಿಗಳು ಕೆಲಸ ಮಾಡುವುದು ಎಲ್ಲಿ? ಲಂಡನ್ನಿನ ಸಿರಿವಂತರ ಗಾಡಿಗಳಲ್ಲಿ, ತೋಟಗಳಲ್ಲಿ, ಯುದ್ಧದ ಹಡಗುಗಳಲ್ಲಿ. ಕ್ಯಾಂಟನ್‌ನ ಕಾಲರಾ ರೋಗಿಗಳಿಗೆ ಅವು ತಲುಪುವುದಿಲ್ಲ. ಚೀನಿ ಪದದಿಂದ ಓಡುವ ಹಡಗು ಚೀನಾದ ಮೇಲೆ ಗುಂಡು ಹಾರಿಸಲು ಹೊರಡುತ್ತದೆ. ಅಫೀಮು ಯುದ್ಧ ಕಲ್ಪನೆಯಲ್ಲ. ಈಸ್ಟ್ ಇಂಡಿಯಾ ಕಂಪನಿ ನಮ್ಮ ಬಿಹಾರ, ಬನಾರಸದ ರೈತರಿಂದ ಅಫೀಮು ಬೆಳೆಸಿ ಕಲ್ಕತ್ತೆಯಲ್ಲಿ ಹರಾಜು ಹಾಕುತ್ತಿತ್ತು, ವ್ಯಾಪಾರಿಗಳು ಅದನ್ನು ಕ್ಯಾಂಟನ್‌ಗೆ ಸಾಗಿಸುತ್ತಿದ್ದರು, ಚೀನಾದ ಬೆಳ್ಳಿ ಹೊರಗೆ ಹರಿಯುತ್ತಿತ್ತು. 1839ರಲ್ಲಿ ಅಧಿಕಾರಿ ಲಿನ್ ಜೆಶು 20,000ಕ್ಕೂ ಹೆಚ್ಚು ಪೆಟ್ಟಿಗೆ ಅಫೀಮನ್ನು ನಾಶಮಾಡಿಸಿದ. ಯುದ್ಧ ಬಂತು. 1842ರ ಒಪ್ಪಂದದಲ್ಲಿ ಹಾಂಗ್‌ಕಾಂಗ್ ಬ್ರಿಟಿಷರ ಪಾಲಾಯಿತು. ಕಾದಂಬರಿಯಲ್ಲಿ ಅನುವಾದಕರು ಏನು ಮಾಡುತ್ತಾರೆಂದು ನಾನು ಹೇಳುವುದಿಲ್ಲ, ಓದುವವರಿಗೆ ಬಿಡುತ್ತೇನೆ.

ಇಂಥ ಕೂಟ ಎಂದೂ ಇರಲಿಲ್ಲ ಎಂದು ಆರಂಭದಲ್ಲಿ ಹೇಳಿದೆ. ಬೆಳ್ಳಿಯ ಜಾದೂ ಬಿಟ್ಟರೆ ಉಳಿದದ್ದೆಲ್ಲ ಇತ್ತು. 1800ರಲ್ಲಿ ಗವರ್ನರ್ ಜನರಲ್ ವೆಲ್ಲೆಸ್ಲಿ ಕಲ್ಕತ್ತೆಯಲ್ಲಿ ಫೋರ್ಟ್ ವಿಲಿಯಂ ಕಾಲೇಜು ಕಟ್ಟಿಸಿದ. ಕಂಪನಿಯ ಹುಡುಗರಿಗೆ ಇಲ್ಲಿನ ಭಾಷೆ ಕಲಿಸುವುದು ಅದರ ಕೆಲಸ. ಕಾಲೇಜಿನ ಕಾನೂನು ಆಗಿದ್ದು ಜುಲೈಯಲ್ಲಿ, ಆದರೆ ಸ್ಥಾಪನೆಯ ದಿನ ಎಂದು ಬರೆಸಿದ್ದು ಮೇ 4. ಯಾಕೆ? ಶ್ರೀರಂಗಪಟ್ಟಣ ಬಿದ್ದು, ಟಿಪ್ಪು ಸುಲ್ತಾನ್ ಹುತಾತ್ಮನಾಗಿ ಅಂದಿಗೆ ಸರಿಯಾಗಿ ಒಂದು ವರ್ಷ. ಭಾಷೆ ಕಲಿಸುವ ಕಾಲೇಜಿಗೆ ಯುದ್ಧ ಗೆದ್ದ ದಿನವೇ ಹುಟ್ಟುಹಬ್ಬ. ಟಿಪ್ಪುವಿನ ಗ್ರಂಥಾಲಯದ ಸುಮಾರು 2,000 ಹಸ್ತಪ್ರತಿಗಳಲ್ಲಿ ಹೆಚ್ಚಿನವು ಕಲ್ಕತ್ತೆಗೂ ಲಂಡನ್‌ಗೂ ಹೋದವು. ಫೋರ್ಟ್ ವಿಲಿಯಂನಲ್ಲಿ ಪಾರ್ಸಿ ಕಲಿಸುತ್ತಿದ್ದ ಚಾರ್ಲ್ಸ್ ಸ್ಟೀವರ್ಟ್ ಅವುಗಳ ವಿವರಣಾತ್ಮಕ ಪಟ್ಟಿಯನ್ನು 1809ರಲ್ಲಿ ಪ್ರಕಟಿಸಿದ. ಟಿಪ್ಪು ತನ್ನ ಕೈಯಾರೆ ಪಾರ್ಸಿಯಲ್ಲಿ ಬರೆದಿಟ್ಟ ಕನಸುಗಳ ಪುಸ್ತಕ ಇಂದು ಬ್ರಿಟಿಷ್ ಲೈಬ್ರರಿಯಲ್ಲಿದೆ. ಕನ್ನಡ ನಾಡಿನ ದೊರೆ ಪಾರ್ಸಿಯಲ್ಲಿ ಬರೆದ ಕನಸುಗಳು ಲಂಡನ್ನಿನ ಕಪಾಟಿನಲ್ಲಿವೆ ಎಂದರೆ, ಬಾಬೆಲ್ ಪಂಡಿತರು ಹುಡುಕುತ್ತಿದ್ದುದು ಇಂಥದ್ದನ್ನೇ ಅಲ್ಲವೇ?

ದೂರ ಏಕೆ, ನಮ್ಮ ವಿಜಯಪುರದ ಅಸಾರ್ ಮಹಲ್‌ನಲ್ಲಿದ್ದ ಆದಿಲ್‌ಶಾಹಿ ಕಾಲದ ಹಸ್ತಪ್ರತಿಗಳೂ 19ನೇ ಶತಮಾನದ ಮಧ್ಯದಲ್ಲಿ ಲಂಡನ್ ಸೇರಿದವು. ಶಾಲೆಯ ಪ್ರವಾಸದಲ್ಲಿ ಅಸಾರ್ ಮಹಲ್‌ನ ಆ ಎತ್ತರದ ಮರದ ಕಂಬಗಳ ಕೆಳಗೆ ನಾವೆಲ್ಲ ಫೋಟೋ ತೆಗೆಸಿಕೊಂಡಿದ್ದೇವೆ. ಅಲ್ಲಿದ್ದ ಪುಸ್ತಕಗಳ ಬಗ್ಗೆ ನನಗೆ ತಿಳಿದದ್ದು ಈ ಲೇಖನಕ್ಕಾಗಿ ಓದಿದಾಗ.

ನಿಜವಾದ ಆಕ್ಸ್‌ಫರ್ಡಿನಲ್ಲೂ ಒಂದು ಸ್ವಾರಸ್ಯ ಸಿಕ್ಕಿತು. ಅಲ್ಲಿ ಸಂಸ್ಕೃತಕ್ಕೆ ಪೀಠ ಸ್ಥಾಪನೆಯಾದದ್ದು ಕಂಪನಿಯ ಸೇನಾಧಿಕಾರಿ ಬೋಡನ್ ಬಿಟ್ಟುಹೋದ ಹಣದಿಂದ, ಇಲ್ಲಿನವರನ್ನು ಕ್ರೈಸ್ತರನ್ನಾಗಿಸಲು ಅನುಕೂಲವಾಗಲಿ ಎಂಬ ಉದ್ದೇಶದಿಂದ. 1832ರಲ್ಲಿ ಆ ಪೀಠಕ್ಕೆ ಆಯ್ಕೆಯಾದ ಮೊದಲ ಪ್ರೊಫೆಸರ್ ಹೊರೇಸ್ ಹೇಮನ್ ವಿಲ್ಸನ್. ಅದಕ್ಕೂ ಮೊದಲು ಅವನು ಕಲ್ಕತ್ತೆಯ ಟಂಕಸಾಲೆಯಲ್ಲಿ ಲೋಹದ ಶುದ್ಧತೆ ಪರೀಕ್ಷಿಸುವ ಅಧಿಕಾರಿ! ಬೆಳ್ಳಿಯನ್ನೂ ಪದಗಳನ್ನೂ ಒರೆಗೆ ಹಚ್ಚಿದ ಮನುಷ್ಯ. ಇದನ್ನು ಕಾದಂಬರಿಯಲ್ಲಿ ಬರೆದಿದ್ದರೆ ಅತಿಯಾಯಿತು ಎನ್ನುತ್ತಿದ್ದೆವು.

ಹಾಗೆಂದು ಆ ಕಾಲದ ಕೆಲಸವೆಲ್ಲ ಕಳ್ಳತನ ಎಂದು ನಾನು ಹೇಳಲಾರೆ. ಫೋರ್ಟ್ ವಿಲಿಯಂನಲ್ಲಿ ಕಲಿಸುತ್ತಿದ್ದ ವಿಲಿಯಂ ಕೇರಿ 1817ರಲ್ಲಿ ಕನ್ನಡ ವ್ಯಾಕರಣವನ್ನು ಅಚ್ಚುಮಾಡಿದ. ಅದೇ ಕಾಲೇಜಿಗಾಗಿ ಮೀರ್ ಅಮ್ಮನ್ ಬರೆದ ‘ಬಾಗ್-ಒ-ಬಹಾರ್’ ಅನ್ನು ಉರ್ದು ಗದ್ಯದ ಮೊದಲ ದೊಡ್ಡ ಕೃತಿಗಳಲ್ಲಿ ಒಂದೆಂದು ಇಂದಿಗೂ ಓದುತ್ತಾರೆ. ಆದರೆ ಅಲ್ಲಿ ಪ್ರೊಫೆಸರ್ ಎಂಬ ಹೆಸರು ಸಾಹೇಬರಿಗೆ, ಪಕ್ಕದಲ್ಲಿ ಕುಳಿತು ಭಾಷೆ ಹೇಳಿಕೊಡುವವನು ಮುನ್ಷಿ. ಆ ಮುನ್ಷಿಗಳಲ್ಲಿ ಎಷ್ಟು ಜನರ ಹೆಸರು ನಮಗೆ ಗೊತ್ತು? ನಮ್ಮ ತರಗತಿಯ ಹಾಜರಿ ಪುಸ್ತಕದಲ್ಲಿ ಕಾಜಿ, ಇನಾಮದಾರ, ಮುಲ್ಲಾ ಜೊತೆಗೆ ಮುನ್ಷಿ ಎಂಬ ಅಡ್ಡಹೆಸರೂ ಇದೆ.

ಮುನ್ಷಿಯ ಕೆಲಸವನ್ನು ನಮ್ಮಲ್ಲಿ ಬಹಳ ಮಂದಿ ಸಂಬಳವಿಲ್ಲದೆ ಮಾಡುತ್ತೇವೆ. ಬ್ಯಾಂಕಿನ ಚಲನ್, ರೇಷನ್ ಕಾರ್ಡಿನ ಅರ್ಜಿ, ವಿಮೆಯ ಕಾಗದ, ಮನೆಯ ಹಿರಿಯರಿಗೆ ಎಲ್ಲವನ್ನೂ ಓದಿ ಹೇಳುವುದು ನಾವು. ಕಳೆದ ವರ್ಷ ದಾದಿಯ ಕಣ್ಣಿನ ಆಪರೇಷನ್ನಿಗೆ ಒಪ್ಪಿಗೆ ಪತ್ರ ಓದಿ ಹೇಳಿದ್ದು ನಾನು. (ಉರ್ದುವಿನಲ್ಲಿ ದಾದಿ ಎಂದರೆ ಅಜ್ಜಿ, ಕನ್ನಡದಲ್ಲಿ ದಾದಿ ಎಂದರೆ ನರ್ಸ್. ‘ನಮ್ಮ ದಾದಿಗೆ ನೀವೇ ಹೇಳಿ’ ಎಂದಾಗ ಕೌಂಟರಿನವರು ತಬ್ಬಿಬ್ಬಾದರು.) ಡಾಕ್ಟರು ಕನ್ನಡದಲ್ಲಿ ‘ಸ್ವಲ್ಪ ರಿಸ್ಕ್ ಇದೆ, ಅಜ್ಜಿಗೆ ಹೇಳು’ ಎಂದರು. ದಾದಿ ನನ್ನ ಮುಖ ನೋಡಿ ‘ಡಾಕ್ಟರ್ ಕ್ಯಾ ಬೋಲ್ರೈಂ?’ ಎಂದರು. ರಿಸ್ಕ್ ಅನ್ನು ‘ಖತ್ರಾ’ ಎಂದರೆ ಅವರಿಗೆ ಜೀವಭಯ. ‘ಕುಛ್ ನೈ’ ಎಂದರೆ ಸುಳ್ಳು. ಕಾಗದದ ಕೆಳಗೆ ‘ಎಲ್ಲವನ್ನೂ ನನ್ನ ಭಾಷೆಯಲ್ಲಿ ವಿವರಿಸಲಾಗಿದೆ’ ಎಂದು ಅಚ್ಚಾಗಿತ್ತು, ಅವರು ಅದಕ್ಕೆ ಹೆಬ್ಬೆಟ್ಟು ಒತ್ತಬೇಕಿತ್ತು. ಆ ಸಾಲು ನಿಜವೋ ಸುಳ್ಳೋ ಎಂಬುದು ಆ ಕೋಣೆಯಲ್ಲಿ ನನ್ನೊಬ್ಬರ ಕೈಯಲ್ಲಿತ್ತು. ಒಂದು ಪದದಲ್ಲಿ ಹೇಳುವುದನ್ನು ಬಿಟ್ಟು, ಈ ಆಪರೇಷನ್ ಮಾಡಿಸಿಕೊಂಡವರಲ್ಲಿ ಹೆಚ್ಚಿನವರಿಗೆ ಒಳ್ಳೆಯದಾಗುತ್ತದೆ, ಕೆಲವರಿಗೆ ಕಣ್ಣು ಮೊದಲಿಗಿಂತ ಕೆಡಬಹುದು ಎಂದು ಬಿಡಿಸಿ ಹೇಳಿದೆ. ದಾದಿ ಎರಡು ಪ್ರಶ್ನೆ ಕೇಳಿದರು, ನಾನು ಡಾಕ್ಟರನ್ನು ಕೇಳಿ ಉತ್ತರ ತಂದೆ. ಆಮೇಲೆ ಹೆಬ್ಬೆಟ್ಟು. ಬಾಬೆಲ್ ಗೋಪುರದಲ್ಲಿ ಪದಗಳ ನಡುವಿನ ಅಂತರ ಹೆಚ್ಚಿದಷ್ಟೂ ಲಾಭ. ಆಸ್ಪತ್ರೆಯಲ್ಲಿ ಹಾಗಲ್ಲ, ನಡುವೆ ಬಿದ್ದುಹೋಗುವುದನ್ನು ಎತ್ತಿ ಆ ಕಡೆ ಮುಟ್ಟಿಸದಿದ್ದರೆ ನಷ್ಟ ಆಗುವುದು ಹಾಸಿಗೆಯ ಮೇಲೆ ಮಲಗಿದವರಿಗೆ.

ಆ ಕಾಯಿಲೆಯ ಹೆಸರೇ ಒಂದು ಪ್ರವಾಸ. ಡಾಕ್ಟರು ‘ಕಣ್ಣಿನ ಪೊರೆ’ ಎಂದರು. ಹಾವು ಕಳಚುವ ತೆಳ್ಳನೆಯ ಚರ್ಮವೂ ಪೊರೆಯೇ. ದಾದಿಗೆ ಅದು ‘ಮೋತಿಯಾ’, ಕಣ್ಣಿನಲ್ಲಿ ಕೂತ ಮುತ್ತು. ಕಾಗದದಲ್ಲಿ ಇದ್ದದ್ದು ‘ಕ್ಯಾಟರಾಕ್ಟ್’. ಅದರ ಮೂಲ ಅರ್ಥ ಜಲಪಾತ! ಕಣ್ಣಿಗೂ ಜಲಪಾತಕ್ಕೂ ಏನು ನಂಟು? ಕಣ್ಣಿನೊಳಗೆ ನೀರು ಇಳಿದು ದೃಷ್ಟಿ ಮುಚ್ಚುತ್ತದೆ ಎಂದು ಹಿಂದಿನ ವೈದ್ಯರು ನಂಬಿದ್ದರು. ಅರಬಿ ವೈದ್ಯ ಗ್ರಂಥಗಳು ಅದನ್ನು ‘ನೀರಿಳಿಯುವುದು’ ಎಂದೇ ಕರೆದವು. 11ನೇ ಶತಮಾನದಲ್ಲಿ ಆ ಗ್ರಂಥಗಳನ್ನು ಲ್ಯಾಟಿನ್ನಿಗೆ ತಂದ ಆಫ್ರಿಕಾದ ಕಾನ್‌ಸ್ಟಂಟೈನ್ ಎಂಬ ಅನುವಾದಕ ಅದಕ್ಕೆ ಜಲಪಾತದ ಪದ ಹಾಕಿದ. ದಾದಿಯ ಒಪ್ಪಿಗೆ ಪತ್ರದ ಮೇಲೆ ಇದ್ದದ್ದು ಅವನ ಅನುವಾದ.

ಅರಬಿ ವೈದ್ಯ ಪದಗಳ ಹಿಂದೆ ಇನ್ನೊಂದು ಕೂಟವಿದೆ. 9ನೇ ಶತಮಾನದ ಬಾಗ್ದಾದಿನ ಅನುವಾದಕರು. ಬೈತುಲ್ ಹಿಕ್ಮಾ ಎಂಬ ಹೆಸರು ನಾವೆಲ್ಲ ಭಾಷಣ ಸ್ಪರ್ಧೆಗಳಲ್ಲಿ ಕೇಳಿದ್ದೇವೆ, ಅದರ ಬಗ್ಗೆ ಉತ್ಪ್ರೇಕ್ಷೆಯೂ ಬಹಳ. ನನಗೆ ಅದಕ್ಕಿಂತ ಮುಖ್ಯವೆನಿಸಿದ್ದು ಹುನೈನ್ ಇಬ್ನ್ ಇಸ್‌ಹಾಕ್ ಎಂಬ ಒಬ್ಬ ಮನುಷ್ಯ. ಕ್ರೈಸ್ತ ವೈದ್ಯ; ಗ್ರೀಕ್, ಸಿರಿಯಾಕ್, ಅರಬಿ ಮೂರೂ ಬಲ್ಲವನು. ಒಂದು ಗ್ರೀಕ್ ಗ್ರಂಥ ಅನುವಾದಿಸುವ ಮೊದಲು ಅದರ ಹಲವು ಪ್ರತಿಗಳನ್ನು ಹುಡುಕಿ ತಂದು ಹೋಲಿಸಿ ಸರಿಯಾದ ಪಾಠ ಗೊತ್ತುಮಾಡುತ್ತಿದ್ದ. ವೈದ್ಯ ಗೇಲನ್‌ನ 129 ಕೃತಿಗಳ ಪಟ್ಟಿ ಮಾಡಿ, ಯಾವುದನ್ನು ಯಾರು, ಯಾರಿಗಾಗಿ ಅನುವಾದಿಸಿದರು, ಅದು ಚೆನ್ನಾಗಿದೆಯೋ ಇಲ್ಲವೋ ಎಂದು ಬರೆದಿಟ್ಟ. ಕಣ್ಣಿನ ಬಗ್ಗೆ ಹತ್ತು ಪ್ರಬಂಧಗಳನ್ನು ತಾನೇ ರಚಿಸಿದ. ಬಾಗ್ದಾದ್ ಕೂಡ ಒಂದು ಸಾಮ್ರಾಜ್ಯದ ರಾಜಧಾನಿಯೇ, ಹಣ ಕೊಟ್ಟವರು ಖಲೀಫರು, ಶ್ರೀಮಂತರು. ಅದನ್ನು ಮರೆಯಬಾರದು. ಆದರೆ ಹುನೈನ್‌ನನ್ನು ಅವನ ಹೆಸರಿನಿಂದಲೇ ಇಂದಿಗೂ ಓದುತ್ತಾರೆ. ರಮಿಗೂ ಮುನ್ಷಿಗಳಿಗೂ ಸಿಗದಿದ್ದದ್ದು ಅದು.

ಕಾದಂಬರಿಯಲ್ಲಿ ಕೊರತೆಗಳಿಲ್ಲವೆಂದಲ್ಲ. ಐನೂರು ಪುಟ ದಾಟಿದ ಪುಸ್ತಕದಲ್ಲಿ ಇಂಗ್ಲಿಷ್ ಪ್ರೊಫೆಸರುಗಳು ಹೆಚ್ಚಿನವರು ಒಂದೇ ಅಚ್ಚಿನ ಖಳರು. ಅಡಿಟಿಪ್ಪಣಿಗಳು ಬೇಕಾದದ್ದಕ್ಕಿಂತ ಹೆಚ್ಚು. ಓದುಗನಿಗೆ ಅರ್ಥವಾಯಿತೋ ಇಲ್ಲವೋ ಎಂಬ ಅನುಮಾನದಿಂದ ಲೇಖಕಿ ಹೇಳಿದ್ದನ್ನೇ ಹೇಳುತ್ತಾರೆ, ಅರಬಿಯ ತಕ್ರಾರ್ ಎಂದರೆ ಇದೇ. ರಮಿಯ ಕಲ್ಕತ್ತೆ ಇನ್ನಷ್ಟು ಬೇಕಿತ್ತು. ಇಂಗ್ಲಿಷ್ ಸ್ವಲ್ಪ ಕಠಿಣ; ನಿಘಂಟು ಪಕ್ಕದಲ್ಲಿಟ್ಟುಕೊಂಡು ನನಗೆ ಎರಡು ತಿಂಗಳು ಹಿಡಿಯಿತು. ಪರೀಕ್ಷೆ ಮುಗಿದ ಮೇಲೆ ಕೈಗೆತ್ತಿಕೊಳ್ಳಿ.

ನನ್ನ ಪದಗಳ ಆಟ ಇನ್ನೂ ಮುಗಿದಿಲ್ಲ. ಒಂದು ಜೋಡಿಯಂತೂ ನನ್ನನ್ನು ಸೋಲಿಸಿತು. ದಖ್ನಿಯ ‘ನಕ್ಕೋ’. ಟೀವಿಯ ಉರ್ದು ಮಾತಾಡುವ ನೆಂಟರು ಬಂದಾಗ ನಮ್ಮಲ್ಲಿ ಹಲವರು ನಾಚಿಕೊಂಡು ನುಂಗಿಬಿಡುವ ಪದ ಅದು, ಹಾಗಾಗಿ ಇದಕ್ಕೆ ಒಳ್ಳೆಯ ಬೆಳ್ಳಿ ಸಿಗಬೇಕು ಎಂದುಕೊಂಡೆ. ದಿಲ್ಲಿಯ ಉರ್ದುವಿನಲ್ಲಿ ‘ಮಾಡಬೇಡ’ ಎನ್ನಲು ಒಂದು ಪದ, ‘ನನಗೆ ಬೇಡ’ ಎನ್ನಲು ಇನ್ನೊಂದು. ನಕ್ಕೋ ಎರಡನ್ನೂ ಒಂದರಲ್ಲೇ ಹೇಳುತ್ತದೆ. ಇಂಗ್ಲಿಷಿನ ‘ನೋ’ ಜೊತೆ ಕೆತ್ತಿದರೆ ನಡುವೆ ಬೇಕಾದಷ್ಟು ಉಳಿಯುತ್ತದೆ. ಆಮೇಲೆ ಕನ್ನಡದ ಜೊತೆ ಕೆತ್ತಿ ನೋಡಿದೆ. ‘ಚಹಾ ನಕ್ಕೋ’, ಚಹಾ ಬೇಡ. ‘ಜಾವ್ ನಕ್ಕೋ’, ಹೋಗಬೇಡ. ಎಲ್ಲಿ ನಕ್ಕೋ ಬರುತ್ತದೋ ಅಲ್ಲೆಲ್ಲ ಬೇಡ ಬರುತ್ತದೆ. ನಕ್ಕೋ ಬಂದದ್ದು ಮರಾಠಿಯ ‘ನಕೋ’ದಿಂದ, ಅಲ್ಲೂ ಹಾಗೆಯೇ. ಮೂರು ಭಾಷೆಯವರು ಒಂದೇ ಓಣಿಯಲ್ಲಿ, ಒಂದೇ ಸಂತೆಯಲ್ಲಿ ನಾಲ್ಕೈದು ಶತಮಾನ ಬೇಡ, ನಕ್ಕೋ, ನಕೋ ಎಂದು ಒಬ್ಬರಿಗೊಬ್ಬರು ಹೇಳಿ ಹೇಳಿ ನಡುವಿನ ಅಂತರವನ್ನೇ ಸವೆಸಿಬಿಟ್ಟಿದ್ದಾರೆ. ಬಾಬೆಲ್ ಪಂಡಿತರ ಲೆಕ್ಕದಲ್ಲಿ ಇದು ಬಿಡಿಗಾಸಿಗೂ ಬಾಳದ ಜೋಡಿ, ಬೆಳ್ಳಿ ಮಿಸುಕುವುದೇ ಇಲ್ಲ.